ಉಪ್ಪು ನೋಡುವವರು

ಮೂವತ್ತೆಂಟು ವರ್ಷ ನಾನು ಊರೂರಿನ ಮನೆಗಳಿಗೆ ಹೋಗಿ ಹಂದಿ ಸಾರು ಬೇಯಿಸಿದೆ. ಅದನ್ನು ಉಂಡದ್ದು ಮಾತ್ರ ಮೊದಲ ಐದು ವರ್ಷ. ಇದನ್ನು ಕೇಳಿದವರು ನಗುತ್ತಾರೆ. ನಗಲಿ ಬಿಡಿ, ನನಗೂ ಎಷ್ಟೋ ಸಲ ನಗು ಬಂದಿದೆ.

ಬಾಡೂಟದ ಅಡುಗೆಗೆ ಹೊಸದಾಗಿ ಇಳಿದಿರುವ ಹುಡುಗರು ಈಚೆಗೆ ನನಗೆ ಫೋನು ಮಾಡುತ್ತಾರೆ. "ಸಿವಣ್ಣ, ಅಂದಿ ಸಾರಿಗೆ ಏನೇನು ಎಷ್ಟೆಷ್ಟು ಆಕ್ಬೇಕು, ವಸಿ ಬರ್ಕೊಡು" ಎನ್ನುತ್ತಾರೆ. ಅಳತೆ ಬೇಕಾದರೆ ಅದೇ ಫೋನಿನಲ್ಲಿ ಬೇಕಾದಷ್ಟು ಸಿಗುತ್ತದೆ, ಯಾರ್ಯಾರೋ ಹೊಳೆಯುವ ಬಾಣಲೆ ಇಟ್ಟುಕೊಂಡು ತೋರಿಸುತ್ತಾರೆ. ನಾನು ಬರೆಯಲು ಕೂತಿರುವುದು ಅಳತೆಯನ್ನಲ್ಲ. ಈ ಕೆಲಸ ನಿಜವಾಗಿ ಹೇಗಿತ್ತು, ನಾನು ಎಲ್ಲೆಲ್ಲಿ ಎಡವಿದೆ, ಒಂದು ದಿನದ ಸಾರಿಗೆ ಹಾಕಿದ ಉಪ್ಪು ಸರಿಯಾಗಿತ್ತೋ ಇಲ್ಲವೋ ಅನ್ನುವುದು ಮೂರು ವರ್ಷದಿಂದ ನನ್ನನ್ನು ಯಾಕೆ ತಿನ್ನುತ್ತಿದೆ, ಅದನ್ನು ಹೇಳಬೇಕು.

ನಮ್ಮ ಕಡೆ ಕುರಿ ಕೋಳಿ ಒಳಗೆ ಬೇಯುತ್ತವೆ, ಹಂದಿ ಆಚೆ ಬೇಯುತ್ತದೆ. ಎಲ್ಲ ಮನೆಯೂ ಹಾಗೇ ಅಂತಲ್ಲ, ನಾನು ಕಂಡ ಬಹುಪಾಲು ಮನೆ ಹಾಗೆ. ತಿನ್ನುವುದಕ್ಕೆ ಅಡ್ಡಿಯಿಲ್ಲ, ಆದರೆ ಅಡುಗೆಮನೆ ಒಲೆಗೆ ಏರಿಸುವ ಹಾಗಿಲ್ಲ. ಹಿತ್ತಲಲ್ಲಿ ಮೂರು ಕಲ್ಲು ಹೂಡಬೇಕು. ಅದಕ್ಕೇ ಅಂತ ಸೂರಿನ ಕೆಳಗೆ ಬೋರಲು ಹಾಕಿಟ್ಟ ಪಾತ್ರೆ ಇರುತ್ತದೆ, ಅದರಲ್ಲೇ ಬೇಯಿಸಬೇಕು. ಅಲ್ಲೇ ಎಲೆ ಹಾಕಿಕೊಂಡು ಮುದ್ದೆ ಮುರಿದು ಉಂಡು, ಸ್ನಾನ ಮಾಡಿ ಒಳಗೆ ಹೋಗಬೇಕು. ಬೀಗರೂಟವಾದರೆ ಮುಂದುಗಡೆ ಶಾಮಿಯಾನದ ಪಕ್ಕ ಕುರಿ ಬಾಡಿನ ದೊಡ್ಡ ಒಲೆ. ಅದು ಪೂರಿಗಾಲಿಯ ಕೆಂಪಯ್ಯನದು. ಅವನೂ ನಾನೂ ಒಂದೇ ವರ್ಷ ಕೆಲಸಕ್ಕೆ ಸೇರಿದವರು. ಹಿಂದುಗಡೆ, ಕೊಟ್ಟಿಗೆಯ ಮಗ್ಗುಲಲ್ಲಿ ಇರುತ್ತಿದ್ದುದು ನನ್ನದು. ಅದಕ್ಕೆ ಆಚೆ ಒಲೆ ಅಂತಲೇ ಹೆಸರು, ಅದರ ಮೇಲಿನದು ಆಚೆ ಸಾರು. ಹಂದಿ ಅನ್ನುವ ಮಾತನ್ನು ನೆಂಟರ ಎದುರಿಗೆ ಯಾರೂ ಎತ್ತುತ್ತಿರಲಿಲ್ಲ. ಮುಂದೆ ಉಂಡವರೇ ಕೈ ತೊಳೆಯುವ ನೆವದಲ್ಲಿ ಹಿಂದಕ್ಕೆ ಬಂದು, "ಆಚೆ ಸಾರು ಐತಾ?" ಅಂತ ಕಿವಿಯಲ್ಲಿ ಕೇಳುತ್ತಿದ್ದರು. ಗಡದ್ದಾಗಿ ಹೊಡೆದು, ಪಂಪ್‌ಸೆಟ್ಟಿನಲ್ಲಿ ಮಿಂದು, ಏನೂ ಆಗಿಲ್ಲ ಎನ್ನುವಂತೆ ಹೋಗಿ ಬೀಗರ ಪಕ್ಕ ಕೂರುತ್ತಿದ್ದರು. ಯಾರ ತಲೆ ಒದ್ದೆಯಾಗಿದೆಯೋ ಅವರು ನನ್ನ ಗಿರಾಕಿ ಅಂತ ಮುಂದಿನ ಒಲೆಯಿಂದಲೇ ಕೆಂಪಯ್ಯ ಗುರುತು ಹಿಡಿಯುತ್ತಿದ್ದ.

ನನಗೆ ಕೆಲಸ ಕಲಿಸಿದವರು ಬೆಳಕವಾಡಿಯ ಪುಟ್ಟಮಾದಣ್ಣ. ಕೆಟ್ಟ ಮುಂಗೋಪಿ. ತಪ್ಪು ಮಾಡಿದರೆ ಬಾಯಲ್ಲಿ ಹೇಳುತ್ತಿರಲಿಲ್ಲ, ಸೌಟಿನ ಹಿಡಿಯಲ್ಲಿ ಮೊಣಕೈಗೆ ಕೊಡುತ್ತಿದ್ದರು. ಮೊದಲ ವರ್ಷವೆಲ್ಲ ನನಗೆ ಒಲೆ ಮುಟ್ಟಿಸಲಿಲ್ಲ. ಕಬ್ಬಿನ ತರಗು ಹೊತ್ತಿಸಿ ಹಂದಿಯ ಕೂದಲು ಸುಡುವುದು, ಚರ್ಮ ಸುಟ್ಟುಹೋಗದ ಹಾಗೆ ಹೊರಳಿಸುವುದು, ಚೂರಿಯಲ್ಲಿ ಹೆರೆದು ಅರಿಸಿನ ಹಚ್ಚಿ ತಿಕ್ಕಿ ತೊಳೆಯುವುದು, ಇಷ್ಟೇ. ಆಮೇಲೆ ಒಂದು ದಿನ ಪಾತ್ರೆ ಮುಂದೆ ನಿಲ್ಲಿಸಿದರು. ಎಣ್ಣೆ ಕೇಳಿದ್ದಕ್ಕೆ ಮೊಣಕೈಗೆ ಒಂದು ಬಿತ್ತು.

"ಅದ್ರ ಮೈಯಾಗೇ ಅದೆ ಎಣ್ಣೆ. ಉರಿ ಸಣ್ಣಕ್ಕೆ ಮಡಗು. ನೆಣ ಬುಡೋಗಂಟ ನೀರು ಆಕ್ಬ್ಯಾಡ ಕಣ್ಲಾ."

ನೆಣ ಅಂದರೆ ಚರ್ಮದ ಕೆಳಗಿನ ಕೊಬ್ಬು. ಅದು ಕರಗಿ ತುಂಡುಗಳು ತಮ್ಮ ಜಿಡ್ಡಿನಲ್ಲೇ ಚಿಟಪಟ ಅನ್ನತೊಡಗಿದಾಗ ಈರುಳ್ಳಿ, ಜಜ್ಜಿದ ಶುಂಠಿ ಬೆಳ್ಳುಳ್ಳಿ. ಅದು ಕೆಂಪಾದ ಮೇಲೆ ರುಬ್ಬಿದ ಖಾರ. ಕಾಳುಮೆಣಸು ಧಾರಾಳ, ತೆಂಗಿನಕಾಯಿ ಹೆಸರಿಗಷ್ಟೇ. ಉಪ್ಪು ಕಟ್ಟಕಡೆಗೆ, ಜಿಡ್ಡು ಮೇಲೆ ತೇಲಿದ ಮೇಲೆ. ಉಪ್ಪು ಹಾಕಿದವನು ನಾಲಿಗೆಗೆ ಹಚ್ಚಿ ನೋಡುವ ಹಾಗಿಲ್ಲ. ಅದು ಪುಟ್ಟಮಾದಣ್ಣನ ಕಟ್ಟುನಿಟ್ಟು. ಬೆಳಿಗ್ಗೆಯಿಂದ ಹೊಗೆ ಕುಡಿದ ನಾಲಿಗೆಯನ್ನು ನಂಬಬಾರದು ಅನ್ನುತ್ತಿದ್ದರು. ಒಂದು ಮುತ್ತುಗದೆಲೆಯಲ್ಲಿ ಎರಡು ತುಂಡು, ಒಂದು ಸೌಟು ಸಾರು ಹಾಕಿ ಆ ಮನೆಯ ಹಿರೀಕರ ಕೈಗೆ ಕೊಡಬೇಕು. ಅವರು ಉಪ್ಪು ನೋಡಿ ಹೂಂ ಅಂದ ಮೇಲೇ ಬಡಿಸುವುದು.

ಮದುವೆಯ ಮಾತು ಬಂದಾಗ ಹೆಣ್ಣಿನ ಮನೆಯವರಿಗೆ ನನ್ನ ಕಸುಬು ಗೊತ್ತಿತ್ತು. ಅವರದು ಹಂದಿ ತಿನ್ನದ ಒಕ್ಕಲು, ಮನೆದೇವರಿಗೆ ಆಗದು. ಆದರೂ ಹುಡುಗ ಕುಡಿಯಲ್ಲ, ಜಗಳಗಂಟನಲ್ಲ ಅಂತ ಒಪ್ಪಿದರು. ಹೆಣ್ಣು ನೋಡಿ ಹೊರಡುವಾಗ ಜಯಮ್ಮ ಹಿತ್ತಲ ಬಾಗಿಲಲ್ಲಿ ನಿಂತು ತಾನೇ ಹೇಳಿದಳು.

"ಬೇಯ್ಸದು ನಿಮ್ ಕಸುಬು. ಅದ್ಕೆ ನಾನು ಬ್ಯಾಡ ಅನ್ನಕಿಲ್ಲ. ನೀವು ಉಣ್ಣಬ್ಯಾಡಿ, ಅಷ್ಟೇಯ."

ಮಾತು ಕೊಟ್ಟೆ. ಆಮೇಲೆ ಒಂದು ತೊಟ್ಟು ಬಾಯಿಗೆ ಹಾಕಲಿಲ್ಲ. ಮಂಡ್ಯದ ಗುತ್ತಲಿನಲ್ಲಿ ನಮ್ಮದು ಎರಡು ರೂಮಿನ ಮನೆ. ಕೆಲಸ ಮುಗಿಸಿ ಬಂದರೆ ಹಿಂದೆ ಹಂಡೆಯಲ್ಲಿ ಬಿಸಿನೀರು ಕಾದಿರುತ್ತಿತ್ತು. ಮಿಂದು ಬಂದರೂ ಟವಲು ಕೊಡುವ ನೆವದಲ್ಲಿ ಹತ್ತಿರ ಬಂದು ಮೂಸಿ ನೋಡುತ್ತಿದ್ದಳು. ಅನುಮಾನ ಬಂದರೆ, "ಇನ್ನೆರಡು ಚೆಂಬು ಉಯ್ಕೊ ಓಗಯ್ಯ" ಅನ್ನುತ್ತಿದ್ದಳು. ನಮಗೆ ಮಕ್ಕಳಾಗಲಿಲ್ಲ. ಹೀಗೆ ಮೂಸುವುದು, ಬೈಯುವುದು, ನಗುವುದು ಎಲ್ಲ ನಮ್ಮಿಬ್ಬರ ನಡುವೆಯೇ.

ಕೆಲಸದಲ್ಲಿ ಆದ ಎಡವಟ್ಟು ಒಂದೆರಡಲ್ಲ. ದೊಡ್ಡದು ಮದ್ದೂರಿನ ಹತ್ತಿರದ ಒಂದು ಬೀಗರೂಟದಲ್ಲಿ ಆಯಿತು. ನಾನು ಸೌದೆ ತರಲು ಹೋದಾಗ ಕೆಂಪಯ್ಯ ಹಿಂದಕ್ಕೆ ಬಂದವನು, ಉಪ್ಪು ಪಕ್ಕದಲ್ಲೇ ಇದ್ದದ್ದು ನೋಡಿ, ಸ್ನೇಹಿತನಿಗೆ ಸಹಾಯ ಅಂತ ಪಾತ್ರೆಗೆ ಸುರಿದು ಹೋದ. ನಾನು ಬಂದು ಇನ್ನೊಮ್ಮೆ ಸುರಿದೆ. ಉಪ್ಪು ನೋಡಲು ಎಲೆ ಹಿಡಿದವರು ಹೆಣ್ಣಿನ ದೊಡ್ಡಪ್ಪ. ಒಂದು ತುಂಡು ತಿಂದು, ಸ್ವಲ್ಪ ಹೊತ್ತು ನನ್ನ ಮುಖ ನೋಡಿ, "ಭರ್ಜರಿಯಾಗೈತೆ" ಅಂದರು. ಬಡಿಸಿದೆ. ಮೊದಲ ಪಂಕ್ತಿಯವರು ಒಂದು ತುತ್ತು ನುಂಗಿ ಒಂದು ಚೆಂಬು ನೀರು ಕುಡಿಯುತ್ತಿದ್ದರು. ಕೇಳಿದರೆ, "ಬಲು ಚೆಂದಾಗೈತೆ ಸಿವಣ್ಣ" ಅನ್ನುತ್ತಾ ಮತ್ತೆ ಚೆಂಬಿಗೆ ಕೈ ಹಾಕುತ್ತಿದ್ದರು. ನಾಲ್ಕನೆಯ ಚೆಂಬಿಗೆ ನಾನು ಸೌಟು ಕೆಳಗಿಟ್ಟೆ. ಆ ಮನೆಯ ಹೆಂಗಸರು ಸಂಜೆಗೆ ಅಂತ ಉಪ್ಪಿಲ್ಲದೆ ಅವರೆಕಾಳು ಬೇಯಿಸಿಟ್ಟಿದ್ದರು. ಅವರ ಕೈಕಾಲು ಹಿಡಿದು ಅಷ್ಟನ್ನೂ ತಂದು ಪಾತ್ರೆಗೆ ಹಾಕಿ, ನೀರು ಹೊಯ್ದು ಕುದಿಸಿದೆ. ಎರಡನೆಯ ಪಂಕ್ತಿಯವರು ಕಾಳು ಹಾಕಿದ್ದನ್ನೇ ಹೊಗಳಿದರು. ಆ ಮನೆಯವರು ಆಮೇಲೆ ಎಂದು ಕರೆದರೂ ಅವರೆಕಾಳು ಹಾಕಿಯೇ ಮಾಡಿಸುತ್ತಿದ್ದರು.

ಅವತ್ತಿನಿಂದ ನಾನು ಉಪ್ಪು ನೋಡುವವರ ಮಾತು ಕೇಳುವುದನ್ನು ಬಿಟ್ಟೆ. ಅಡುಗೆಯವನ ಎದುರಿಗೆ ನಿಂತು ಉಪ್ಪು ಸರಿಯಿಲ್ಲ ಅನ್ನುವ ಜನ ನಮ್ಮ ಕಡೆ ಇಲ್ಲ. ಯಾವ ವಿಷಯಕ್ಕೂ ಮುಖಕ್ಕೆ ಹೊಡೆದಂತೆ ಮಾತಾಡುವ ಮಂಡ್ಯದವರು ಇದೊಂದಕ್ಕೆ ಮಾತ್ರ ಮೆತ್ತಗಾಗುತ್ತಾರೆ. ನಾನು ಅವರ ಚೆಂಬು ನೋಡುತ್ತಿದ್ದೆ. ಹೊಸಬರು ಇದನ್ನು ಕಲಿತುಕೊಳ್ಳಿ.

ಕಾಲ ಬದಲಾಯಿತು. ತರಗಿನಲ್ಲಿ ಸುಡುತ್ತಿದ್ದುದು ಹೋಗಿ ಗ್ಯಾಸಿನ ಬೆಂಕಿಯಲ್ಲಿ ಸುಡುವುದು ಬಂತು. ಬರಬರುತ್ತಾ ಅಂಗಡಿಯವರೇ ಸುಟ್ಟು ಹೆರೆದು ತುಂಡು ಮಾಡಿ ಚೀಲಕ್ಕೆ ಹಾಕಿ ಕೊಡತೊಡಗಿದರು. ರುಬ್ಬುವ ಕಲ್ಲು ಮೂಲೆ ಸೇರಿತು. ಹಿತ್ತಲೂ ಹೋಯಿತು. ಮಂಡ್ಯದಲ್ಲಿ ಹೊಸ ಮನೆ ಕಟ್ಟಿದವರೊಬ್ಬರು ಕರೆಸಿದರು. ನಾಲ್ಕೂ ಕಡೆ ಗೋಡೆ, ಆಚೆ ಅನ್ನುವ ಜಾಗವೇ ಇಲ್ಲ. ತಾರಸಿ ಮೇಲೆ ಒಲೆ ಹಚ್ಚು ಅಂದರು. ಅವರ ತಾಯಿ ಮೆಟ್ಟಿಲಿಗೆ ಅಡ್ಡ ನಿಂತರು. "ತಾರಸಿ ಅಂದ್ರೆ ಮನೆ ಒಳ್ಗೋ ಆಚ್ಗೋ? ಕೆಳ್ಗೆ ದ್ಯಾವ್ರ ಮನೆ ಅದೆ, ಅದ್ರ ನೆತ್ತಿ ಮ್ಯಾಲೆ ಅಂದಿ ಬೇಯ್ಸೀಯಾ?" ಅಂದರು. ಆಯಮ್ಮನ ಮಾತಿನಲ್ಲಿ ತಪ್ಪಿರಲಿಲ್ಲ. ಕೊನೆಗೆ ನಾನೇ ಕೆಳಗೆ ದೇವರ ಮನೆಯಿಂದ ಗೋಡೆಯವರೆಗೆ ಹೆಜ್ಜೆ ಹಾಕಿ, ಮೇಲೆ ಬಂದು ಅಷ್ಟೇ ಹೆಜ್ಜೆ ಹಾಕಿ, ದೇವರ ನೆತ್ತಿ ತಪ್ಪಿಸಿ ಬಚ್ಚಲಿನ ಮೇಲೆ ಒಲೆ ಇಟ್ಟೆ. ಆಯಮ್ಮನಿಗೆ ಸಮಾಧಾನವಾಯಿತು. ಊಟಕ್ಕೆ ಎಲ್ಲರಿಗಿಂತ ಮೊದಲು ಬಂದು ಕೂತವರೂ ಅವರೇ.

ನನಗೆ ಒಗ್ಗದೇ ಹೋದ ಬದಲಾವಣೆ ಒಂದಿತ್ತು. ಜನ ಎಂಟು ಮಂದಿಗೆ, ಆರು ಮಂದಿಗೆ ಮಾಡಿಕೊಡು ಅನ್ನತೊಡಗಿದರು. ಇನ್ನೂರು ಜನಕ್ಕೆ ಉಪ್ಪು ಎಷ್ಟು ಅಂತ ನನ್ನ ಮುಷ್ಟಿಗೆ ಗೊತ್ತು, ಕಣ್ಣು ಮುಚ್ಚಿ ಹಾಕುತ್ತಿದ್ದೆ. ಆರು ಜನಕ್ಕೆ ಅಂದರೆ ಮುಷ್ಟಿಗೆ ಅಂದಾಜೇ ಸಿಗುತ್ತಿರಲಿಲ್ಲ. ಚಮಚ ಹಿಡಿದು ಅಡುಗೆ ಮಾಡಿದವನೇ ಅಲ್ಲ ನಾನು. ಮಂಡಿನೋವು ಅಂತ ಹೇಳಿ ಕೆಲಸ ಬಿಟ್ಟೆ. ಮಂಡಿನೋವು ಸುಳ್ಳಲ್ಲ, ಆದರೆ ಅದೊಂದೇ ಕಾರಣವೂ ಅಲ್ಲ.

ಅದೇ ವರ್ಷ ಜಯಮ್ಮ ಮಲಗಿದಳು. ಮಂಡ್ಯದ ಆಸ್ಪತ್ರೆಗೆ ಓಡಾಡಿ ಓಡಾಡಿ ಅವಳೂ ಸೋತಳು, ನಾನೂ ಸೋತೆ. ಔಷಧಿಯ ಕಾವಿಗೆ ಬಾಯಿ ತುಂಬ ಹುಣ್ಣು. ಗಂಜಿ ಕೊಟ್ಟರೆ ಮಣ್ಣು ಅನ್ನುತ್ತಿದ್ದಳು, ಅನ್ನ ಕೊಟ್ಟರೆ ಹೊಟ್ಟು ಅನ್ನುತ್ತಿದ್ದಳು. ಏನಾದರೂ ಬಾಯಿಗೆ ಹಿಡಿಸುವುದನ್ನು ಉಣ್ಣಿಸಿ ಅಂತ ಡಾಕ್ಟರು ನನಗೇ ಗದರಿದರು. ಒಂದು ಭಾನುವಾರ ಬೆಳಿಗ್ಗೆ ಅವಳೇ ಕರೆದಳು.

"ನಿನ್ ಆಚೆ ಸಾರು ಮಾಡಯ್ಯ. ವಸಿ ಉಣ್ತೀನಿ."

ನನಗೆ ಕೇಳಿದ್ದನ್ನು ನಂಬಲಾಗಲಿಲ್ಲ. "ನಿಮ್ಮ ದ್ಯಾವ್ರು?" ಅಂದೆ.

"ದ್ಯಾವ್ರಿಗೆ ನಾನೇಳ್ಕತೀನಿ. ಮಳವಳ್ಳಿಯವ್ರು ಉಂಡವ್ರೆ, ಮದ್ದೂರ್‌ನವ್ರು ಉಂಡವ್ರೆ. ನಿನ್ನ ಕಟ್ಕಂಡೋಳು ನಾನೊಬ್ಳೇ ಉಣ್ಲಿಲ್ಲ."

ಹಿಂದೆ ಒಲೆ ಹೂಡಲು ಹೊರಟವನನ್ನು ತಡೆದಳು. "ಆಚೆ ಓಗ್ಬ್ಯಾಡ. ಇಲ್ಲೇ ಗ್ಯಾಸ್ ಮ್ಯಾಲೆ ಮಾಡು, ನಾನೂ ನೋಡ್ಬೇಕು" ಅಂದಳು. ಅಡುಗೆಮನೆಯ ಬಾಗಿಲಿಗೆ ಎದುರಾಗಿ ಅವಳ ಮಂಚ ಎಳೆದೆ. ಅರ್ಧ ಕೇಜಿ ತಂದಿದ್ದೆ. ಆ ಚಿಕ್ಕ ಪಾತ್ರೆಯ ಮುಂದೆ ನಿಂತರೆ ನನಗೆ ಎಲ್ಲ ಮರೆತಂತಾಯಿತು. ನೆಣ ಬಿಡುವ ಸದ್ದು ಕೇಳಿ ಅವಳು, "ಇದೇನು ಇಂಗೆ ಸದ್ದು ಮಾಡ್ತದೆ?" ಅಂತ ಕೇಳಿದಳು. ಹೇಳಿದೆ. ಪ್ರತಿಯೊಂದನ್ನೂ ಕೇಳಿದಳು, ಪ್ರತಿಯೊಂದನ್ನೂ ಹೇಳಿದೆ. ಮೂವತ್ತಮೂರು ವರ್ಷದ ಸಂಸಾರದಲ್ಲಿ ನನ್ನ ಕೆಲಸವನ್ನು ಅವಳು ಕಣ್ಣಾರೆ ಕಂಡದ್ದು ಅವತ್ತೇ. ನಾನು ಅಷ್ಟು ಸಂತೋಷವಾಗಿ ಯಾವ ಬೀಗರೂಟದಲ್ಲೂ ಅಡುಗೆ ಮಾಡಿರಲಿಲ್ಲ. ಉಪ್ಪು ಹಾಕುವಾಗ ಮೂರು ಬೆರಳಲ್ಲಿ ಹಿಡಿದೆ, ಕಡಿಮೆಯೇನೋ ಅನಿಸಿ ಇನ್ನೊಂದು ಚಿಟಿಕೆ ಹಾಕಿದೆ.

ತಟ್ಟೆ ಅವಳ ಕೈಗೆ ಕೊಟ್ಟೆ. ಪುಟ್ಟ ತುಂಡೊಂದನ್ನು ಬಾಯಿಗಿಟ್ಟು ಬಹಳ ಹೊತ್ತು ಜಗಿದಳು. ಒಂದು ಲೋಟ ನೀರು ಪೂರ್ತಿ ಕುಡಿದಳು. ನಾನು ಅವಳ ಮುಖ ನೋಡಲಿಲ್ಲ, ಲೋಟವನ್ನೇ ನೋಡುತ್ತಿದ್ದೆ.

"ಉಪ್ಪು ಜಾಸ್ತಿ ಆಯ್ತು ಕಣಯ್ಯ" ಅಂದಳು.

ಕೋಪವಿಲ್ಲ, ಕುಹಕವಿಲ್ಲ. ಇದ್ದದ್ದನ್ನು ಹೇಳಿದಳು. ನನ್ನ ಎದುರಿಗೆ ಕೂತು ಹಾಗೆ ಹೇಳಿದವಳು ಅವಳೊಬ್ಬಳೇ. "ನಾಳಿಕ್ಕೆ ಕಮ್ಮಿ ಆಕ್ತೀನಿ" ಅಂದೆ. "ಊಂ" ಅಂದು ಗೋಡೆ ಕಡೆ ತಿರುಗಿ ಮಲಗಿದಳು. ಮಾರನೆಯ ದಿನ ಅವಳಿಗೆ ನೀರು ಕೂಡ ಇಳಿಯಲಿಲ್ಲ. ಆ ವಾರ ಕಳೆಯಲಿಲ್ಲ.

ಆಮೇಲೆ ಪ್ರತಿ ಭಾನುವಾರ ಅರ್ಧ ಕೇಜಿ ತಂದು ಅದೇ ಗ್ಯಾಸಿನ ಮೇಲೆ ಬೇಯಿಸುತ್ತಾ ಬಂದೆ. ಬೇಡ ಅನ್ನುವವರು ಯಾರೂ ಇಲ್ಲ, ಮೂಸುವವರೂ ಇಲ್ಲ. ಸ್ನಾನ ಮಾಡದೆ ನಡುಮನೆಯಲ್ಲಿ ಕೂತರೂ ಕೇಳುವವರಿಲ್ಲ. ಹಾಗೆ ಕೂತಾಗ ಆಗುವ ಸಂಕಟ ಇಷ್ಟು ಅಂತ ಹೇಳಲಾರೆ. ನಾನು ಉಣ್ಣುತ್ತಿರಲಿಲ್ಲ, ಕೊಟ್ಟ ಮಾತು ಹಾಗೇ ಇತ್ತು. ಎದುರಿನ ಶೀಟಿನ ಮನೆಯಲ್ಲಿ ಗಾರೆ ಕೆಲಸದ ಗಂಡಹೆಂಡತಿ ಇದ್ದಾರೆ, ಅವರಿಗೆ ಡಬ್ಬಿಯಲ್ಲಿ ಹಾಕಿ ಕೊಡುತ್ತಿದ್ದೆ. ತೊಳೆದ ಡಬ್ಬಿ ತಂದುಕೊಡುವಾಗ, "ಉಪ್ಪು ಎಂಗಿತ್ತವ್ವ?" ಅಂತ ಕೇಳುತ್ತಿದ್ದೆ. "ಸರ್ಯಾಗಿತ್ತು ಅಣ್ಣ" ಅಂತಲೇ ಉತ್ತರ. ಅವರು ಬಾಗಿಲು ಹಾಕಿಕೊಂಡು ಉಣ್ಣುವಾಗ ಎಷ್ಟು ನೀರು ಕುಡಿದರು ಅಂತ ನನಗೆ ಹೇಗೆ ಗೊತ್ತಾಗಬೇಕು? ಅವರ ಮಾತು ನಂಬದೆ ಮುಂದಿನ ಭಾನುವಾರ ಉಪ್ಪು ಇನ್ನಷ್ಟು ಕಡಿಮೆ ಮಾಡುತ್ತಿದ್ದೆ. ಅರ್ಧ ಕೇಜಿಗೆ ಸರಿಯಾದ ಉಪ್ಪು ಒಂದು ಸಲ ಕೈಗೆ ಸಿಕ್ಕಿಬಿಟ್ಟರೆ ಸಾಕು, ಜಯಮ್ಮನಿಗೆ ಹೇಳಿದ ಮಾತು ನಡೆಸಿದ ಹಾಗೆ ಅಂದುಕೊಂಡಿದ್ದೆ.

ಹೋದ ತಿಂಗಳು ಇನ್ನು ತಡೆಯಲಾಗಲಿಲ್ಲ. ಸ್ಟೀಲ್ ಕ್ಯಾರಿಯರಿಗೆ ಸಾರು ತುಂಬಿ, ಮೇಲಿನ ಬಟ್ಟಲಿನಲ್ಲಿ ಎರಡು ಮುದ್ದೆ ಇಟ್ಟು, ಬಸ್ಸು ಹತ್ತಿದೆ. ಮದ್ದೂರಿನಲ್ಲಿ ಇಳಿದು ಮಳವಳ್ಳಿ ಬಸ್ಸು, ಮಳವಳ್ಳಿಯಿಂದ ಪೂರಿಗಾಲಿಗೆ ಇನ್ನೊಂದು. ಪಕ್ಕದಲ್ಲಿ ಕೂತಿದ್ದ ಹೆಂಗಸು ವಾಸನೆ ಹಿಡಿದು, ಕ್ಯಾರಿಯರು ನೋಡಿ, ಎದ್ದು ಬೇರೆ ಸೀಟಿಗೆ ಹೋದಳು. ಅವಳ ಮೇಲೆ ನನಗೆ ಸಿಟ್ಟು ಬರಲಿಲ್ಲ, ಜಯಮ್ಮನೂ ಹಾಗೇ ಮಾಡುತ್ತಿದ್ದಳು.

ಕೆಂಪಯ್ಯ ಜಗುಲಿಯ ಮೇಲೆ ಕೂತಿದ್ದ. ಅವನಿಗೂ ವಯಸ್ಸಾಗಿದೆ, ಮುಂದಿನ ಹಲ್ಲಿಲ್ಲ. ಎಲ್ಲ ಹೇಳಿ ತಟ್ಟೆಗೆ ಬಡಿಸಿದೆ. ಮುದ್ದೆ ಮುರಿದು, ಸಾರಿನಲ್ಲಿ ಹೊರಳಿಸಿ, ಗುಳಕ್ಕನೆ ನುಂಗಿದ.

"ಸರ್ಯಾಗೈತೆ" ಅಂದ.

"ನನ್ ಮಕ ನೋಡಿ ಯೋಳ್ಲಾ."

"ತಂದ್ಕೊಟ್ಟೋನ ಮಕ ನೋಡ್ಕಂಡು ಯಾವನ್ಲಾ ಉಪ್ಪಿನ್ ಇಸ್ಯ ಯೋಳಾನು? ಮೂರು ಬಸ್ಸು ಅತ್ತಿ ತಂದಿದ್ದೀಯೆ."

ನಾನು ಅವನ ಪಕ್ಕದ ಚೆಂಬು ನೋಡಿದೆ. ಅದನ್ನು ಅವನು ಮುಟ್ಟಿಯೇ ಇರಲಿಲ್ಲ. ಇಷ್ಟು ವರ್ಷ ಚೆಂಬು ಖಾಲಿಯಾಗುವುದನ್ನೇ ನೋಡಿದವನು ನಾನು, ಮುಟ್ಟದ ಚೆಂಬಿಗೆ ಏನರ್ಥ ಅಂತ ಯೋಚಿಸಿದವನೇ ಅಲ್ಲ. ಕೆಂಪಯ್ಯ ತಟ್ಟೆಯನ್ನು ನನ್ನ ಕಡೆ ತಳ್ಳಿದ.

"ನೀನೇ ನೋಡ್ಲಾ."

"ಮಾತು ಕೊಟ್ಟಿವ್ನಿ ಕಣೋ."

"ಮಾತು ಈಸ್ಕಂಡೋಳೇ ಉಂಡ್ಲಲ್ಲ ಸಿವ. ಇನ್ ಯಾರ್ಗೆ ಕಾಪಾಡ್ಕಂಡು ಕುಂತಿದ್ದೀಯೆ?"

ಒಂದು ತುಂಡು ಎತ್ತಿ ಬಾಯಿಗೆ ಹಾಕಿಕೊಂಡೆ. ನೆಣದ ರುಚಿ ನಾಲಿಗೆಗೆ ಕೂಡಲೇ ಗುರುತು ಸಿಕ್ಕಿತು, ಮೆಣಸಿನ ಖಾರವೂ ಸಿಕ್ಕಿತು. ಉಪ್ಪು ಸಿಗಲಿಲ್ಲ. ಇನ್ನೊಂದು ತುಂಡು ತಿಂದೆ. ಶುದ್ಧ ಸಪ್ಪೆ. ಜಯಮ್ಮ ಹೇಳಿದ್ದು ಒಂದೇ ಸಲ. ಅದಕ್ಕೆ ನಾನು ವಾರ ವಾರ ಉಪ್ಪು ಕಡಿಮೆ ಮಾಡುತ್ತಾ ಮಾಡುತ್ತಾ ಇಲ್ಲಿಗೆ ಬಂದು ಮುಟ್ಟಿದ್ದೆ. ಗಾರೆ ಕೆಲಸದವರು ಪಾಪ, ಮನೆಯೊಳಗೆ ಉಪ್ಪು ಹಾಕಿಕೊಂಡು ಉಣ್ಣುತ್ತಿದ್ದಿರಬೇಕು.

ಕೆಂಪಯ್ಯ ಒಳಗಿನಿಂದ ಉಪ್ಪಿನ ಡಬ್ಬಿ ತರಿಸಿ, ಚಿಟಿಕೆ ಉದುರಿಸಿ ಕಲಸಿದ. ಇಬ್ಬರೂ ಒಂದೇ ತಟ್ಟೆಯಲ್ಲಿ ಉಂಡೆವು. ಆ ಕೆಲಸಕ್ಕೆ ಸೇರಿದ ಹೊಸತರಲ್ಲಿ ಉಣ್ಣುತ್ತಿದ್ದಂತೆ ಉಂಡೆವು ಅಂತ ಬರೆಯಬಹುದು, ಆದರೆ ನಾನು ಒಂದೇ ತುತ್ತನ್ನು ಕೈಯಲ್ಲಿ ಹೊರಳಿಸುತ್ತಾ ಕೂತುಬಿಡುತ್ತಿದ್ದೆ, ಅವನು ಅದನ್ನು ನೋಡದ ಹಾಗೆ ಬೀದಿ ಕಡೆ ತಿರುಗಿಕೊಂಡಿದ್ದ.

"ಬಾಯ್ ತುಂಬ ಉಣ್ಣಾಗಿತ್ತು ಅಂತೀಯೆ. ಗಾಯಕ್ಕೆ ಉಪ್ಪು ಉರ್ದಿರ್ತದೆ ಕಣ್ಲಾ. ಅವತ್ತು ನೀನ್ ಆಕಿದ್ದು ಸರ್ಯಾಗೇ ಇತ್ತೇನೋ" ಅಂದ, ಕೈ ತೊಳೆಯುವಾಗ.

ಇರಬಹುದು. ಇಲ್ಲದೆಯೂ ಇರಬಹುದು. ಹೊಸದಾಗಿ ಸೌಟು ಹಿಡಿದಿರುವ ಹುಡುಗರಿಗೆ ನಾನು ಹೇಳುವುದು ಒಂದೇ, ಪುಟ್ಟಮಾದಣ್ಣನಿಗೆ ವಿರುದ್ಧವಾದರೂ ಹೇಳುತ್ತೇನೆ: ನೀವು ಬೇಯಿಸಿದ್ದನ್ನು ನೀವೂ ಬಾಯಿಗೆ ಹಾಕಿ ನೋಡಿ. ಅವತ್ತು ಜಯಮ್ಮ ಗೋಡೆ ಕಡೆ ತಿರುಗಿದ ಮೇಲೆ ಅವಳ ತಟ್ಟೆಯಲ್ಲಿ ಎರಡು ತುಂಡು, ಅಂಗೈಯಷ್ಟು ಸಾರು ಉಳಿದಿತ್ತು. ಒಂದು ಬೆರಳು ಅದ್ದಿ ನೆಕ್ಕಿದ್ದರೆ ನನ್ನ ಕೈ ತಪ್ಪಿತ್ತೋ, ಅವಳ ಹುಣ್ಣು ಉರಿದಿತ್ತೋ ಆಗಲೇ ತಿಳಿದುಹೋಗುತ್ತಿತ್ತು. ನಾನು ಮಾತಿಗೆ ತಪ್ಪದ ಗಂಡ. ತಟ್ಟೆಯನ್ನು ನಲ್ಲಿಯ ಕೆಳಗೆ ಹಿಡಿದು, ಜಿಡ್ಡು ಹೋಗುವವರೆಗೆ ತಿಕ್ಕಿ ತೊಳೆದುಬಿಟ್ಟೆ.